ಹಂಗಾಮಿಯಾಗಿಯೇ ಮುಪ್ಪಾದವರು

ದೊಡ್ಡಬಳ್ಳಾಪುರದ ಮಗ್ಗಗಳು ಇನ್ನೂ ಸದ್ದೆಬ್ಬಿಸದ ಮುಂಜಾವದಲ್ಲಿ, ಸುತ್ತಣ ಯಾವ ಹಳ್ಳಿಗೆ ಹೋದರೂ ಒಬ್ಬನು ಎಚ್ಚರವಾಗಿರುವನು. ಅವನು ಗ್ರಾಮ ಪಂಚಾಯತಿಯ ನೀರುಗಂಟಿ. ಕೊಳವೆಬಾವಿಯ ಮೋಟಾರನ್ನು ಚಾಲೂ ಮಾಡಿ, ಯಾವ ಬೀದಿಗೆ ಎಷ್ಟು ಹೊತ್ತು ನೀರೆಂಬ ಲೆಕ್ಕವನ್ನೆಲ್ಲ ತಲೆಯಲ್ಲಿಯೇ ಇಟ್ಟುಕೊಂಡು, ವಾಲ್ವುಗಳನ್ನು ತಿರುಗಿಸುತ್ತ ಸಾಗುವನು. ಒಂದು ದಿನ ಅವನು ಜ್ವರದಿಂದ ಮಲಗಿದರೆ ಊರಿಗೆ ಊರೇ ಬಿಂದಿಗೆ ಹಿಡಿದು ಅವನ ಬಾಗಿಲಿಗೆ ಬರುವುದು. ಇಂತಹವನ ನೌಕರಿ ಮಾತ್ರ, ಕಾಗದದ ಮೇಲೆ, ‘ತಾತ್ಕಾಲಿಕ’!

ನೀರುಗಂಟಿ ಎಂಬ ಹೆಸರು ಇಂದಿನದಲ್ಲ. ಕೆರೆಯ ತೂಬನ್ನೆತ್ತಿ ಗದ್ದೆಗಳಿಗೆ ನೀರು ಹಂಚುತ್ತಿದ್ದವನು ಹಿಂದೆ ಊರಿನ ಆಯಗಾರರಲ್ಲಿ ಒಬ್ಬನು. ಸುಗ್ಗಿಯ ಕಾಲಕ್ಕೆ ಕಣದಲ್ಲಿಯೇ ಅವನ ಪಾಲಿನ ಧಾನ್ಯವನ್ನು ಅಳೆದು ಕೊಡುತ್ತಿದ್ದರು. ಅದು ವಂಶಕ್ಕೂ ಜಾತಿಗೂ ಕಟ್ಟುಬಿದ್ದ ವೃತ್ತಿಯಾಗಿದ್ದುದರಿಂದ ಆ ಕಾಲವನ್ನು ನೆನೆದು ನಿಟ್ಟುಸಿರಿಡಬೇಕಾದ ಕಾರಣವೇನೂ ಇಲ್ಲ. ಗ್ರಾಮದ ವಂಶಪಾರಂಪರ್ಯ ಹುದ್ದೆಗಳನ್ನು 1961ರ ಶಾಸನವು ರದ್ದುಗೊಳಿಸಿದುದು ಯುಕ್ತವೇ ಸರಿ. ಆದರೂ ಅಂದಿನವನು ಕಣದಲ್ಲಿ ನಿಂತು ತನ್ನ ಪಾಲನ್ನು ಹಕ್ಕೆಂದು ಕೇಳಬಲ್ಲವನಾಗಿದ್ದನು. ಇಂದಿನವನು ಕಚೇರಿಯ ಮೇಜಿನ ಮುಂದೆ ಕೈಕಟ್ಟಿ ನಿಲ್ಲಬೇಕು.

ಇದರ ಮೂಲವು ನೇಮಕದ ರೀತಿಯಲ್ಲಿಯೇ ಇದೆ. 1993ರ ಪಂಚಾಯತ್ ರಾಜ್ ಶಾಸನದಂತೆ ಗ್ರಾಮ ಪಂಚಾಯತಿಯು ನೌಕರರನ್ನು ನೇಮಿಸಿಕೊಳ್ಳುವುದಕ್ಕೆ ಜಿಲ್ಲಾ ಪಂಚಾಯತಿಯ ಮುಖ್ಯ ಕಾರ್ಯನಿರ್ವಾಹಕ ಅಧಿಕಾರಿಯ ಅನುಮೋದನೆ ಬೇಕು. ಊರಿಗೆ ನೀರು ಬೇಕಾದಾಗ ಸಭೆಯೊಂದರ ನಡವಳಿಯಲ್ಲಿ ಹೆಸರು ಬರೆದು ಕೆಲಸಕ್ಕೆ ಹಚ್ಚಿಬಿಡುವುದು ಸುಲಭ. ಅನುಮೋದನೆಯ ಕಡತವು ಮೇಲಕ್ಕೆ ಹೋಗಿ ಮರಳುವುದು ಕಷ್ಟ. ಪಟ್ಟಣಗಳಲ್ಲಿ ಕಥೆಯು ಬೇರೆ ರೂಪ ತಾಳುವುದು. ಅಲ್ಲಿ ಗುತ್ತಿಗೆದಾರನೊಬ್ಬನು ನಡುವೆ ನಿಂತಿರುವನು. ಗುತ್ತಿಗೆದಾರರು ಬದಲಾಗುವರು, ಕಸದ ಗಾಡಿ ನಡೆಸುವವನು ಅವನೇ. ಆದರೆ ಪ್ರತಿಯೊಂದು ಹೊಸ ಗುತ್ತಿಗೆಯೊಡನೆಯೂ ಅವನ ಸೇವೆಯು ಕಾಗದದಲ್ಲಿ ಮೊದಲ ದಿನದಿಂದ ಪ್ರಾರಂಭವಾಗುವುದು.

ಕರ್ನಾಟಕಕ್ಕೆ ಈ ವ್ಯಾಜ್ಯವು ಹೊಸದಲ್ಲ. ಇಡೀ ಭಾರತಕ್ಕೆ ಈ ವಿಷಯದ ನ್ಯಾಯಪಾಠವನ್ನು ಒದಗಿಸಿದ ನಾಡೇ ಇದು. ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ದಿನಗೂಲಿ ನೌಕರರ ಸಂಘವು ಹೂಡಿದ ಮೊಕದ್ದಮೆಯಲ್ಲಿ, 1990ರಲ್ಲಿ, ಸುಪ್ರೀಂ ಕೋರ್ಟು ಹತ್ತು ವರ್ಷ ದುಡಿದಿದ್ದವರ ಪೈಕಿ 18,600 ಮಂದಿಯನ್ನು ಒಡನೆಯೇ ಖಾಯಂಗೊಳಿಸಬೇಕೆಂದಿತು. 1984ರ ಜುಲೈ 1ರ ಅನಂತರ ನೇಮಕಗೊಂಡವರು ಆ ಗೆರೆಯ ಆಚೆಗೆ ಉಳಿದರು. ಅಂತಹವರ ಮೊಕದ್ದಮೆಗಳಲ್ಲಿಯೇ ಬಂದಿತು, 2006ರ ಏಪ್ರಿಲ್ 10ರಂದು, ಐವರು ನ್ಯಾಯಮೂರ್ತಿಗಳ ಪೀಠದ ‘ಉಮಾದೇವಿ ತೀರ್ಪು’. ಕಚೇರಿಗಳಲ್ಲಿ ಈ ಹೆಸರನ್ನು ಕೇಳಿ ಬೆಚ್ಚದ ಹಂಗಾಮಿ ನೌಕರನು ವಿರಳ!

ಬಹಳ ಕಾಲ ದುಡಿದ ಮಾತ್ರಕ್ಕೆ ಖಾಯಂ ಆಗುವ ಹಕ್ಕು ಹುಟ್ಟದು ಎಂಬುದು ಆ ತೀರ್ಪಿನ ಸಾರ. ಪ್ರಕಟಣೆಯಿಲ್ಲದೆ, ಸ್ಪರ್ಧೆಯಿಲ್ಲದೆ ಹಿಂಬಾಗಿಲಿನಿಂದ ಬಂದವರನ್ನು ಉಳಿಸಿಕೊಂಡರೆ, ಅರ್ಜಿ ಹಿಡಿದು ಮುಂಬಾಗಿಲಿನಲ್ಲಿ ಕಾದಿರುವ ಬಡ ವಿದ್ಯಾವಂತನ ಗತಿಯೇನು? ಈ ಪ್ರಶ್ನೆಯು ನ್ಯಾಯವಾದುದೇ. ಆದರೆ ಹಿಂಬಾಗಿಲನ್ನು ತೆರೆದವರು ಯಾರು? ದಂಡವನ್ನು ತೆತ್ತವರು ಯಾರು? ಅದೇ ತೀರ್ಪು ಒಂದು ಕಿಂಡಿಯನ್ನೂ ಬಿಟ್ಟಿತ್ತು: ಮಂಜೂರಾದ ಹುದ್ದೆಯಲ್ಲಿ, ತಕ್ಕ ಅರ್ಹತೆಯೊಡನೆ, ನ್ಯಾಯಾಲಯದ ತಡೆಯಾಜ್ಞೆಯ ಆಸರೆಯಿಲ್ಲದೆ ಹತ್ತು ವರ್ಷ ದುಡಿದವರನ್ನು ಒಂದು ಬಾರಿಗೆ ಖಾಯಂಗೊಳಿಸುವ ಕಾರ್ಯವನ್ನು ಆರು ತಿಂಗಳೊಳಗೆ ಕೈಗೊಳ್ಳಬೇಕು. ಅನೇಕ ಕಚೇರಿಗಳು ತೀರ್ಪಿನ ಮೊದಲ ಭಾಗವನ್ನು ಮಾತ್ರ ಕಂಠಪಾಠ ಮಾಡಿದುವು. ಆಗ ಗದಗ ಜಿಲ್ಲಾ ಪಂಚಾಯತಿಯಲ್ಲಿ 1985ರಿಂದ ದಿನಗೂಲಿಯಲ್ಲಿದ್ದವರ ಮೊಕದ್ದಮೆಯು ಅಡ್ಡಬಂದಿತು. ಅರ್ಹರಾದ ಎಲ್ಲರನ್ನೂ ಪರಿಶೀಲಿಸುವ ತನಕ ಆ ‘ಒಂದು ಬಾರಿ’ ಮುಗಿಯಲಿಲ್ಲವೆಂದು 2010ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟಪಡಿಸಿತು.

ರಾಜ್ಯವು 2012ರಲ್ಲಿ ದಿನಗೂಲಿ ನೌಕರರ ಕ್ಷೇಮಾಭಿವೃದ್ಧಿ ಶಾಸನವನ್ನು ಮಾಡಿ, ಅದರ ಪಟ್ಟಿಗೆ ಸೇರಿದವರಿಗೆ 60 ವರ್ಷದವರೆಗೆ ಕೆಲಸದ ಭದ್ರತೆಯನ್ನು ಕೊಟ್ಟಿತು. ಪೌರಕಾರ್ಮಿಕರು 2022ರ ಜುಲೈ ತಿಂಗಳಲ್ಲಿ ಪೊರಕೆ ಕೆಳಗಿಟ್ಟು ಮುಷ್ಕರ ಹೂಡಿದರು; 2025ರ ಮೇ ದಿನದಂದು ಬೆಂಗಳೂರು ನಗರದ ಹನ್ನೆರಡು ಸಾವಿರಕ್ಕೂ ಮಿಕ್ಕವರಿಗೆ ಖಾಯಂ ನೇಮಕಪತ್ರ ದೊರೆಯಿತು. ಅದೇ ವರ್ಷದ ಜನವರಿಯಲ್ಲಿ, ಗಾಜಿಯಾಬಾದ್ ನಗರಸಂಸ್ಥೆಯಿಂದ ಹೊರದೂಡಲ್ಪಟ್ಟಿದ್ದ ತೋಟದ ಮಾಲಿಗಳನ್ನು ಮರಳಿ ಕೆಲಸಕ್ಕೆ ತೆಗೆದುಕೊಂಡು, ಹಿಂಬಾಕಿಯ ಅರ್ಧ ಕೂಲಿಯನ್ನು ಕೊಡುವಂತೆ ಸುಪ್ರೀಂ ಕೋರ್ಟು ಆಜ್ಞಾಪಿಸಿತು. ನಿರಂತರವಾದ ಕೆಲಸವನ್ನು ತಾತ್ಕಾಲಿಕವೆಂದು ಹೆಸರಿಸಿ ಶೋಷಿಸುವುದಕ್ಕೆ ಉಮಾದೇವಿ ತೀರ್ಪು ಗುರಾಣಿಯಾಗದೆಂದೂ ಎಚ್ಚರಿಸಿತು.

ಈ ಸುದ್ದಿಯು ದೇವನಹಳ್ಳಿಗೂ ನೆಲಮಂಗಲಕ್ಕೂ ಹೊಸಕೋಟೆಗೂ ತಲುಪದೆ ಇಲ್ಲ. ಆದರೆ ನ್ಯಾಯಾಲಯದ ಮೆಟ್ಟಿಲೇರುವವನಿಗೆ ಮೊದಲು ಬೇಕಾದುದು ದಾಖಲೆ: ನೇಮಿಸಿಕೊಂಡ ಸಭೆಯ ನಡವಳಿ, ಹಾಜರಿ ಪುಸ್ತಕ, ಕೂಲಿ ಕೊಟ್ಟ ವೋಚರು. ಇವೆಲ್ಲ ಇರುವುದು ಯಾರ ಬೀರುವಿನಲ್ಲಿ? ನೌಕರನ ವಿರುದ್ಧ ವಾದಿಸಲಿರುವ ಕಚೇರಿಯ ಬೀರುವಿನಲ್ಲಿಯೇ. ಆದುದರಿಂದಲೇ, ಬುದ್ಧಿವಂತನಾದ ನೀರುಗಂಟಿಯು ತನ್ನ ಹೆಸರಿರುವ ಚೀಟಿಗಳನ್ನೆಲ್ಲ ಮಡಿಸಿ, ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ, ಹೆಂಡತಿಯ ಸೀರೆಗಳ ಟ್ರಂಕಿನಡಿಯಲ್ಲಿ ಇಟ್ಟಿರುತ್ತಾನೆ.