ನಾಲ್ವರು ತಂದೆಯರು, ಒಬ್ಬ ನಟ

ನಾಟಕವಾಗಲಿ ಚಲಚ್ಚಿತ್ರವಾಗಲಿ ನಾಯಕನೊಬ್ಬನಿಂದಲೇ ನಡೆಯುವುದಿಲ್ಲ. ಅವನಿಗೆ ತಂದೆಯೊಬ್ಬನು ಬೇಕು, ಗುರುವೊಬ್ಬನು ಬೇಕು, ಕೇಡು ಬಗೆಯುವವನೂ ಬೇಕು. ಆಟ ಮುಗಿದು ಮನೆಗೆ ಹಿಂದಿರುಗುವ ಪ್ರೇಕ್ಷಕರು ನಾಯಕನ ಹೆಸರನ್ನು ಹೇಳುವರು. ಉಳಿದವರನ್ನು ‘ಆ ತಂದೆಯ ವೇಷದವನು’ ಎಂದಷ್ಟೇ ಕರೆದು ಸುಮ್ಮನಾಗುವರು. ಇಂತಹ ವೇಷಗಳಲ್ಲಿಯೇ ಬಾಳನ್ನು ಸವೆಸಿದ ಆಂಗ್ಲ ನಟನೊಬ್ಬನ ವಿಚಾರವನ್ನು ವಾಚಕರಲ್ಲಿ ಅರಿಕೆ ಮಾಡಿಕೊಳ್ಳುತ್ತೇನೆ.

ಪೀಟ್ ಪಾಸಲ್‌ಥ್ವೇಟ್ 1946ನೆಯ ಇಸವಿ ಫೆಬ್ರವರಿ 7ರಂದು ಇಂಗ್ಲೆಂಡಿನ ವಾರಿಂಗ್ಟನ್ ಪಟ್ಟಣದಲ್ಲಿ ಜನಿಸಿದನು. ಮೊದಲು ಪಾದ್ರಿಯಾಗಬೇಕೆಂದಿದ್ದನು, ಆದದ್ದು ಉಪಾಧ್ಯಾಯ, ಅದನ್ನೂ ತೊರೆದು ಬ್ರಿಸ್ಟಲ್ ಓಲ್ಡ್ ವಿಕ್ ನಾಟಕಶಾಲೆಯನ್ನು ಸೇರಿದನು. ನಮ್ಮ ವೃತ್ತಿಯನ್ನು ಬಿಟ್ಟನೆಂದು ನನಗೆ ಅಸಮಾಧಾನವಿಲ್ಲ. ಗದ್ದಲದ ತರಗತಿಯನ್ನು ಸುಮ್ಮನಾಗಿಸಬಲ್ಲವನು ಯಾವ ಸಭೆಗೂ ಅಂಜಬೇಕಾಗಿಲ್ಲ. 1970ರ ದಶಕದಲ್ಲಿ ಲಿವರ್‌ಪೂಲಿನ ಎವ್ರಿಮನ್ ನಾಟಕಮಂದಿರದಲ್ಲಿ ಪಳಗಿದನು. ಇಷ್ಟುದ್ದದ ಹೆಸರನ್ನು ದೀಪಗಳಲ್ಲಿ ಬರೆಸಿದರೆ ವಿದ್ಯುತ್ತಿನ ವೆಚ್ಚ ಭರಿಸಲಾಗದೆಂದು ಹೇಳಿ, ಹೆಸರನ್ನು ಬದಲಿಸಿಕೊಳ್ಳುವಂತೆ ಕೆಲವರು ಸಲಹೆಯಿತ್ತರಂತೆ. ಅವನು ಕೇಳಲಿಲ್ಲ.

ಕೆನ್ನೆಯ ಎಲುಬುಗಳು ಎದ್ದು ನಿಂತ ಒರಟು ಮುಖ ಅವನದು; ನಾಯಕನ ಪಾತ್ರಕ್ಕೆ ಒದಗುವುದಲ್ಲ. 1988ರ ‘ಡಿಸ್ಟಂಟ್ ವಾಯ್ಸಸ್, ಸ್ಟಿಲ್ ಲೈವ್ಸ್’ ಎಂಬ ಚಿತ್ರದಲ್ಲಿ ಆ ಮುಖವು ಮನೆಯವರನ್ನು ನಡುಗಿಸುವ ತಂದೆಯದಾಯಿತು. ಕ್ರಿಸ್ಮಸ್ಸಿನ ಹಿಂದಿನ ರಾತ್ರಿ ಮಲಗಿರುವ ಮಕ್ಕಳನ್ನು ನೋಡಿ ಮೆಲುದನಿಯಲ್ಲಿ ಹರಸುವ ಈ ತಂದೆಯೇ ಹಬ್ಬದೂಟಕ್ಕೆ ಕುಳಿತಾಗ ಮೇಜಿನ ವಸ್ತ್ರವನ್ನು ಸೆಳೆದು ಸಕಲವನ್ನೂ ನೆಲಕ್ಕೆ ಕೆಡಹುತ್ತಾನೆ. ಆ ಹರಕೆ ಸುಳ್ಳೆಂದು ನಮಗೆ ತೋರುವುದಿಲ್ಲ; ಭಯಂಕರವಾದುದು ಅದೇ.

ಐದು ವರ್ಷಗಳ ತರುವಾಯ, 1993ರ ‘ಇನ್ ದ ನೇಮ್ ಆಫ್ ದ ಫಾದರ್’ ಚಿತ್ರದಲ್ಲಿ ಅದೇ ಮುಖವು ಗಿಸೆಪ್ಪೆ ಕಾನ್ಲನ್ ಎಂಬ ಸಾಧುವಿನದು. ಬೆಲ್‌ಫಾಸ್ಟ್ ನಗರದ ಈ ಬಡವನು 1974ರಲ್ಲಿ ಬಂಧಿತನಾದ ಮಗನಿಗೆ ನೆರವಾಗಲು ಇಂಗ್ಲೆಂಡಿಗೆ ಬಂದು, ನಿರಪರಾಧಿಯಾಗಿದ್ದೂ ಶಿಕ್ಷೆಗೊಳಗಾಗಿ, 1980ರಲ್ಲಿ ಬಂಧನದಲ್ಲಿಯೇ ತೀರಿಕೊಂಡನು. ಇದು ನಡೆದ ಕಥೆ. ನಾಟ್ಯಶಾಸ್ತ್ರವು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ಅಭಿನಯವನ್ನು ನಾಲ್ಕಾಗಿ ವಿಂಗಡಿಸುವುದು. ಇಲ್ಲಿ ವೇಷಭೂಷಣದ ಸಹಾಯ ಅತ್ಯಲ್ಪ, ಮಾತು ಮಿತ. ಕುಳಿತಿರುವ ಭಂಗಿಯಲ್ಲಿಯೂ ಉಸಿರಾಟದಲ್ಲಿಯೂ ಮಗನ ಮೇಲಣ ಮಮತೆ ಕಾಣುವುದು. ಪೋಷಕನಟನ ಆಸ್ಕರ್ ಪಾರಿತೋಷಕಕ್ಕೆ ಅವನ ಹೆಸರು ಸೂಚಿತವಾಯಿತು. ಪಾರಿತೋಷಕವು ಬೇರೊಬ್ಬನ ಪಾಲಾಯಿತು.

ಟೆಲಿವಿಷನ್ನಿನ ‘ಶಾರ್ಪ್’ ಕಥೆಗಳಲ್ಲಿ ಅವನು ನೀಚನಾದ ಸೈನಿಕ ಹೇಕ್ಸ್‌ವಿಲ್. 1996ರ ‘ಬ್ರಾಸ್ಡ್ ಆಫ್’ ಚಿತ್ರದಲ್ಲಿ, ಮುಚ್ಚಲಿರುವ ಕಲ್ಲಿದ್ದಲು ಗಣಿಯ ವಾದ್ಯವೃಂದದ ನಾಯಕ. 1997ರ ‘ದ ಲಾಸ್ಟ್ ವರ್ಲ್ಡ್’ ಚಿತ್ರದಲ್ಲಿ ಅವನನ್ನು ನಿರ್ದೇಶಿಸಿದ ಸ್ಪೀಲ್‌ಬರ್ಗ್ ‘ಜಗತ್ತಿನಲ್ಲಿಯೇ ಅತ್ಯುತ್ತಮ ನಟ’ನೆಂದು ಹೊಗಳಿದಾಗ, ತಾನು ಹಾಗೆಂದು ಭಾವಿಸಿಕೊಂಡಿರುವನೆಂದು ಸ್ಪೀಲ್‌ಬರ್ಗ್ ಹೇಳಿರಬೇಕೆಂದು ಪಾಸಲ್‌ಥ್ವೇಟ್ ನಗೆಯಾಡಿದನು.

2008ರಲ್ಲಿ ಅವನು ಎವ್ರಿಮನ್ ಮಂದಿರಕ್ಕೆ ಹಿಂದಿರುಗಿ ಲಿಯರ್ ದೊರೆಯಾದನು; ಮಕ್ಕಳ ಮನಸ್ಸನ್ನು ಅರಿಯದ ತಂದೆ. ನಾಲ್ಕನೆಯವನು 2010ರ ‘ಇನ್ಸೆಪ್ಷನ್’ ಚಿತ್ರದ ಸಿರಿವಂತ. ಮಾತು ಕೆಲವೇ. ಮಗನು ಕಾಣುವ ಕನಸಿನಲ್ಲಿ ಮರಣಶಯ್ಯೆಯಲ್ಲಿ ಮಲಗಿ, ಮಗನು ತನ್ನಂತಾಗಲು ಹೊರಟದ್ದೇ ತನಗಾದ ನಿರಾಶೆಯೆಂದು ತೊದಲಿ, ಮಗ್ಗುಲಿನ ಪೆಟ್ಟಿಗೆಯತ್ತ ಕೈ ಮಾಡುತ್ತಾನೆ. ಅದರೊಳಗೆ ಆ ಮಗನ ಬಾಲ್ಯದ ಕಾಗದದ ಗಿರಗಿಟ್ಲೆಯೊಂದಿರುವುದು. ಈ ಚಿತ್ರವು ತೆರೆಕಂಡ ಕೆಲವೇ ತಿಂಗಳುಗಳಲ್ಲಿ, 2011ರ ಜನವರಿ 2ರಂದು, ಪಾಸಲ್‌ಥ್ವೇಟ್ ಅರ್ಬುದರೋಗದಿಂದ ತೀರಿಕೊಂಡನು. ಆಗ ಅವನಿಗೆ 64 ವರ್ಷ.