ಬಹುಮನೆ ಕಟ್ಟಡಗಳಲ್ಲಿ ವಿದ್ಯುತ್ತಿನ ವ್ಯಾಜ್ಯ

ಐದು ಅಂತಸ್ತಿನ ಕಟ್ಟಡವೊಂದನ್ನು ಕಲ್ಪಿಸಿಕೊಳ್ಳೋಣ. ಸಂಜೆಯಾಗುತ್ತಲೇ ಅದರ ಕಿಟಕಿಗಳೆಲ್ಲ ಬೆಳಗುತ್ತವೆ. ಮೂರನೆಯ ಅಂತಸ್ತಿನ ಒಂದು ಮನೆ ಮಾತ್ರ ಕತ್ತಲಲ್ಲಿದೆ. ತಂತಿ ಕಡಿದಿಲ್ಲ, ದೀಪ ಕೆಟ್ಟಿಲ್ಲ. ಮಾಲೀಕನಿಗೂ ಬಾಡಿಗೆದಾರನಿಗೂ ವ್ಯಾಜ್ಯ ಹುಟ್ಟಿ, ಮಾಲೀಕನು ಫ್ಯೂಸನ್ನು ಕಿತ್ತಿಟ್ಟಿದ್ದಾನೆ. ಮರುದಿನ ಪರೀಕ್ಷೆಗೆ ಕೂಡಬೇಕಾದ ಆ ಮನೆಯ ಹುಡುಗಿ ಮೆಟ್ಟಿಲ ದೀಪದಡಿಯಲ್ಲಿ ಓದುತ್ತಿದ್ದಾಳೆ. ಈ ಕತ್ತಲೆಯನ್ನು ನೀಗಲು ವಿಜ್ಞಾನವೊಂದೇ ಸಾಲದು, ಕಾನೂನಿನ ತಿಳಿವೂ ಬೇಕು.

ಮೊದಲು ವಿದ್ಯುತ್ತಿನ ದಾರಿಯನ್ನು ಅನುಸರಿಸೋಣ. ಬೀದಿಯ ಟ್ರಾನ್ಸ್‌ಫಾರ್ಮರಿಗೆ ಸಾಮಾನ್ಯವಾಗಿ 11,000 ವೋಲ್ಟುಗಳಲ್ಲಿ ಬರುವ ವಿದ್ಯುತ್ತು ಅಲ್ಲಿ ಸುಮಾರು 400 ವೋಲ್ಟುಗಳಿಗೆ ಇಳಿಯುತ್ತದೆ. ಅಲ್ಲಿಂದ ಮೂರು ಫೇಸ್ ತಂತಿಗಳೂ ಒಂದು ನ್ಯೂಟ್ರಲ್ ತಂತಿಯೂ ಕಟ್ಟಡವನ್ನು ಪ್ರವೇಶಿಸುತ್ತವೆ. ಒಂದು ಫೇಸ್‌ಗೂ ನ್ಯೂಟ್ರಲ್‌ಗೂ ನಡುವೆ 230 ವೋಲ್ಟುಗಳಿರುತ್ತವೆ; ಮನೆಯ ದೀಪ, ಪಂಖಗಳಿಗೆ ಇಷ್ಟು ಸಾಕು. ನೆಲದಂತಸ್ತಿನ ಫಲಕದಲ್ಲಿ ಮನೆಗೊಂದರಂತೆ ಮೀಟರುಗಳಿರುತ್ತವೆ. ಲಿಫ್ಟು, ನೀರಿನ ಪಂಪು, ಮೆಟ್ಟಿಲ ದೀಪಗಳಿಗೆ ಬೇರೊಂದು ಮೀಟರು. ಹೀಗೆ ಮೀಟರಿನವರೆಗಿನ ದಾರಿ ಎಲ್ಲರಿಗೂ ಸೇರಿದ್ದು. ಅದರಾಚೆಗಿನ ಲೆಕ್ಕ ಒಬ್ಬೊಬ್ಬರದು. ವ್ಯಾಜ್ಯಗಳು ಹೆಚ್ಚಾಗಿ ಹುಟ್ಟುವುದು ಈ ಗಡಿಯಲ್ಲಿಯೇ.

ಕೆಲವು ಕಟ್ಟಡಗಳಲ್ಲಿ ವಿದ್ಯುತ್ ಕಂಪನಿಯ ಮೀಟರು ಒಂದೇ ಇರುತ್ತದೆ. ಒಳಗೆ ನಿವಾಸಿಗಳ ಸಂಘವು ಉಪಮೀಟರುಗಳನ್ನಿಟ್ಟು ಹಣವನ್ನು ಹಂಚುತ್ತದೆ. ಉಪಮೀಟರುಗಳ ಮೊತ್ತ ಮುಖ್ಯ ಮೀಟರಿಗಿಂತ ಕಡಿಮೆಯಾದರೆ ಕಳ್ಳತನದ ಸಂಶಯವೇಳುತ್ತದೆ. ಆದರೆ ತಂತಿಯೂ ತನ್ನ ಪಾಲನ್ನು ನುಂಗುತ್ತದೆಂಬುದನ್ನು ಮರೆಯಬಾರದು. ಕಾಲು ಓಮ್ ರೋಧವುಳ್ಳ ತಂತಿಯಲ್ಲಿ 20 ಆಂಪಿಯರ್ ಪ್ರವಾಹ ಹರಿಯಲಿ. ಪ್ರವಾಹದ ವರ್ಗವನ್ನು ರೋಧದಿಂದ ಗುಣಿಸಿದರೆ 100 ವಾಟ್ ಬರುತ್ತದೆ. ಹತ್ತು ಗಂಟೆಗಳಲ್ಲಿ ಒಂದು ಯೂನಿಟ್ ಶಾಖವಾಗಿ ಹೋಯಿತು. ಅದನ್ನು ಯಾರೂ ಕದಿಯಲಿಲ್ಲ! ಗ್ರಾಹಕರ ಹಕ್ಕುಗಳ ನಿಯಮಗಳಿಗೆ 2024ರಲ್ಲಿ ಆದ ತಿದ್ದುಪಡಿಯು, ಇಡೀ ಕಟ್ಟಡಕ್ಕೆ ಒಂದೇ ಸಂಪರ್ಕ ಬೇಕೋ ಮನೆಮನೆಗೂ ಬೇರೆ ಬೇರೆ ಬೇಕೋ ಎಂಬುದನ್ನು ನಿವಾಸಿಗಳು ಮತದಾನದಿಂದ ಆರಿಸಿಕೊಳ್ಳುವ ಅವಕಾಶವಿತ್ತಿದೆ. ಮನೆಯ ಬಳಕೆ, ಸಾಮಾನ್ಯ ಬಳಕೆ, ಜನರೇಟರಿನಂಥ ಬದಲಿ ವ್ಯವಸ್ಥೆಯ ಬಳಕೆ ಇವುಗಳ ಲೆಕ್ಕ ಬೇರೆಬೇರೆಯಾಗಿರಬೇಕೆಂದೂ ವಿಧಿಸಿದೆ.

ಇನ್ನು, ಸಂಪರ್ಕವನ್ನು ಕೇಳುವ ಹಕ್ಕು ಯಾರಿಗೆ? 2003ರ ವಿದ್ಯುಚ್ಛಕ್ತಿ ಅಧಿನಿಯಮದ 43ನೆಯ ಕಲಮು ಮಾಲೀಕನ ಜೊತೆಯಲ್ಲಿ ವಾಸವಾಗಿರುವವನನ್ನೂ ಹೆಸರಿಸುತ್ತದೆ. ಮಾಲೀಕನ ಒಪ್ಪಿಗೆಪತ್ರವಿಲ್ಲವೆಂಬ ಕಾರಣದಿಂದ ಬಾಡಿಗೆದಾರನಿಗೆ ವಿದ್ಯುತ್ತನ್ನು ನಿರಾಕರಿಸಲಾಗದು, ಅರ್ಜಿದಾರನು ಅಲ್ಲಿ ವಾಸವಾಗಿರುವನೇ ಎಂಬುದನ್ನಷ್ಟೇ ನೋಡಬೇಕು ಎಂದು ಸರ್ವೋಚ್ಚ ನ್ಯಾಯಾಲಯವು 2022ರಲ್ಲಿ ಹೇಳಿತು. ಸಂಪರ್ಕ ದೊರೆತ ಮಾತ್ರಕ್ಕೆ ಅವನು ಮನೆಯ ಒಡೆಯನಾಗುವುದಿಲ್ಲ. ಒಡೆತನದ ಪ್ರಶ್ನೆ ಬೇರೆ, ದೀಪದ ಪ್ರಶ್ನೆ ಬೇರೆ.

ಬಾಕಿಗಾಗಿ ಸಂಪರ್ಕವನ್ನು ಕಡಿಯುವ ಅಧಿಕಾರವನ್ನು 56ನೆಯ ಕಲಮು ವಿದ್ಯುತ್ ಒದಗಿಸುವ ಸಂಸ್ಥೆಗೆ ಕೊಟ್ಟಿದೆಯೇ ಹೊರತು ಮನೆಯ ಮಾಲೀಕನಿಗಲ್ಲ. ಆ ಸಂಸ್ಥೆಯೂ 15 ದಿನಗಳ ಲಿಖಿತ ಸೂಚನೆಯನ್ನು ಕೊಡಬೇಕು. ಬಿಲ್ಲು ತಪ್ಪೆನಿಸಿದರೆ, ಕೇಳಿದ ಮೊತ್ತ ಅಥವಾ ಹಿಂದಿನ ಆರು ತಿಂಗಳ ಸರಾಸರಿಯ ಮೇರೆಗಿನ ಮೊತ್ತ, ಇವುಗಳಲ್ಲಿ ಕಡಿಮೆಯಾದುದನ್ನು ಆಕ್ಷೇಪಣೆಯೊಡನೆ ಕಟ್ಟಿದಲ್ಲಿ ವಿವಾದ ತೀರುವವರೆಗೆ ದೀಪ ಆರಬೇಕಾಗಿಲ್ಲ. ದೂರು ಕೇಳಲು ಗ್ರಾಹಕರ ಕುಂದುಕೊರತೆ ವೇದಿಕೆಯೂ ಅದರ ಮೇಲೆ ಓಂಬುಡ್ಸ್‌ಮನ್ನರೂ ಇದ್ದಾರೆ.

ಆದರೆ ಹಕ್ಕಿಗೆ ಹೊಣೆಯೂ ಅಂಟಿಕೊಂಡಿದೆ. ನಿಯಮಗಳಲ್ಲಿ ಅವಕಾಶವಿದ್ದರೆ, ಹಳೆಯ ಮಾಲೀಕನ ಬಾಕಿ ತೀರಿದ ಮೇಲೆಯೇ ಹೊಸ ಮಾಲೀಕನಿಗೆ ಸಂಪರ್ಕ ಕೊಡುವೆವೆಂದು ಸಂಸ್ಥೆಯು ಹೇಳಬಹುದೆಂದು ಅದೇ ನ್ಯಾಯಾಲಯವು 2023ರಲ್ಲಿ, ಕೇರಳ ರಾಜ್ಯ ವಿದ್ಯುತ್ ಮಂಡಲಿಯ ಮೊಕದ್ದಮೆಯಲ್ಲಿ, ತೀರ್ಪಿತ್ತಿತು. ಮನೆ ಕೊಳ್ಳುವವರು ಗೋಡೆ, ಬಾಗಿಲುಗಳೊಡನೆ ವಿದ್ಯುತ್ತಿನ ಹಳೆಯ ಬಿಲ್ಲುಗಳನ್ನೂ ನೋಡುವುದು ಲೇಸು.

ನಮ್ಮ ಮೂರನೆಯ ಅಂತಸ್ತಿನ ಹುಡುಗಿಯ ತಂದೆ ಈಗ ಮಾಡಬೇಕಾದುದು ಸ್ಪಷ್ಟವಾಗಿದೆ. ತಾನು ಅಲ್ಲಿ ವಾಸವಾಗಿರುವುದಕ್ಕೆ ಆಧಾರವನ್ನು ಜೋಡಿಸಿ, ತನ್ನ ಹೆಸರಿನಲ್ಲಿಯೇ ಅರ್ಜಿ ಸಲ್ಲಿಸಬೇಕು. ಬಾಡಿಗೆಯ ಜಗಳ ನ್ಯಾಯಾಲಯದಲ್ಲಿ ಎಷ್ಟು ಕಾಲವಾದರೂ ನಡೆಯಲಿ. ಅದು ಮುಗಿಯುವ ತನಕ ಮಗಳು ಮೆಟ್ಟಿಲ ಮೇಲೆ ಕುಳಿತು ಓದಬೇಕಾಗಿಲ್ಲ.