ಬಲ್ಬಿನೊಳಗಿನ ಬಟ್ಟಲು, ಗೋಡೆಯ ಮೇಲಿನ ಗೆರೆ

ಹಾಸನದ ಓದುಗರೊಬ್ಬರು ಕೇಳಿದ್ದಾರೆ: “ನಾನು ಊರೊಳಗೂ ಹೈವೇಯಲ್ಲೂ ಡಿಪ್‌ನಲ್ಲೇ ಕಾರು ಓಡಿಸೋದು. ಆದರೂ ಈಚೆಗೆ ಎದುರು ಬರೋರೆಲ್ಲ ನನಗೇ ಲೈಟ್ ಹೊಡೆದು ಹೋಗ್ತಾರೆ. ಹೊಸ ಬಲ್ಬ್ ಹಾಕಿಸಿದ ಮೇಲೆ ಶುರುವಾಗಿದ್ದು ಇದು. ಫೋಕಸ್ಸನ್ನ ಮನೆಯಲ್ಲೇ ಸರಿ ಮಾಡ್ಕೋಬಹುದಾ?”

ಖಂಡಿತ ಮಾಡಿಕೊಳ್ಳಬಹುದು. ಒಂದು ಗೋಡೆ, ಅಳತೆಯ ಟೇಪು, ಒಂದು ಸ್ಕ್ರೂ ಡ್ರೈವರ್ ಮತ್ತು ಕತ್ತಲೆ ಇದ್ದರೆ ಸಾಕು. ಆದರೆ ಅವರ ಪ್ರಶ್ನೆಯಲ್ಲೇ ಉತ್ತರದ ಎಳೆಯೂ ಇದೆ. ತೊಂದರೆ ಶುರುವಾಗಿದ್ದು ಬಲ್ಬು ಬದಲಾಯಿಸಿದ ಮೇಲೆ. ಹಾಗಾಗಿ ಸ್ಕ್ರೂ ಮುಟ್ಟುವ ಮೊದಲು ಆ ಬಲ್ಬಿನ ಬಗ್ಗೆ ಸ್ವಲ್ಪ ತಿಳಿಯೋಣ. ಕಾರಿನ ನೂರಾರು ಬಿಡಿಭಾಗಗಳಲ್ಲಿ ನನಗೆ ಬಹಳ ಇಷ್ಟವಾದದ್ದು ಅದರೊಳಗೇ ಇದೆ.

ನಮ್ಮಲ್ಲಿ ಇನ್ನೂ ಧಾರಾಳವಾಗಿ ಬಳಕೆಯಲ್ಲಿರುವ ಹೆಡ್‌ಲೈಟ್ ಬಲ್ಬು ಎಚ್4. ಕಾರಿಗೆ ಹಾಕುವ ಮೊದಲ ಹ್ಯಾಲೋಜನ್ ಬಲ್ಬು ಎಚ್1 ಯುರೋಪಿನಲ್ಲಿ 1962ರಲ್ಲಿ ಬಂತು. ಡಿಪ್ ಮತ್ತು ಹೈ ಬೀಮ್ ಎರಡನ್ನೂ ಒಂದೇ ಗಾಜಿನೊಳಗೆ ಇಟ್ಟುಕೊಂಡ ಎಚ್4 ಬಂದದ್ದು 1971ರಲ್ಲಿ. ಸುಟ್ಟುಹೋದ ಎಚ್4 ಬಲ್ಬು ಸಿಕ್ಕರೆ ಬಿಸಾಡಬೇಡಿ, ಕಿಟಕಿಯ ಬೆಳಕಿಗೆ ಹಿಡಿದು ನೋಡಿ. ಒಳಗೆ ಎರಡು ತಂತುಗಳಿವೆ. ಬುಡದ ಕಡೆಯದು ಹೈ ಬೀಮಿಗೆ, 60 ವಾಟ್, ಸುತ್ತಲೂ ಬಯಲು. ತುದಿಯ ಕಡೆಯದು ಡಿಪ್‌ಗೆ, 55 ವಾಟ್. ಈ ಎರಡನೆಯ ತಂತುವಿನ ಕೆಳಗೆ, ಉಗುರಿಗಿಂತ ಚಿಕ್ಕದೊಂದು ಲೋಹದ ಬಟ್ಟಲು ಕಾಣುತ್ತದೆ. ರಾತ್ರಿ ಎದುರುಬದುರಾಗುವ ಇಬ್ಬರು ಚಾಲಕರ ಕಣ್ಣು ಕಾಯುವುದು ಈ ಬಟ್ಟಲೇ.

ಅದು ಕೆಲಸ ಮಾಡುವ ಬಗೆ ಚಂದ. ಹೆಡ್‌ಲೈಟಿನ ಹಿಂದುಗಡೆ ಹೊಳೆಯುವ ಗುಳಿಯಾಕಾರದ ಪ್ರತಿಫಲಕವಿದೆ. ಅದರ ನಾಭಿಯಲ್ಲಿ ದೀಪವಿದ್ದರೆ ಬೆಳಕು ನೇರವಾಗಿ ಮುಂದಕ್ಕೆ ಹೋಗುತ್ತದೆ. ಹೈ ಬೀಮ್ ಎಂದರೆ ಅಷ್ಟೇ. ಡಿಪ್‌ನ ತಂತುವನ್ನು ನಾಭಿಗಿಂತ ಕೂದಲೆಳೆಯಷ್ಟು ಮುಂದೆ ಇಟ್ಟಿರುತ್ತಾರೆ. ಅಲ್ಲಿಂದ ಹೊರಟ ಬೆಳಕು ಪ್ರತಿಫಲಕದ ಮೇಲರ್ಧಕ್ಕೆ ತಾಗಿದರೆ ನೆಲದ ಕಡೆಗೆ ಬಾಗುತ್ತದೆ, ಕೆಳಗಿನರ್ಧಕ್ಕೆ ತಾಗಿದರೆ ಆಕಾಶದ ಕಡೆಗೆ ಏಳುತ್ತದೆ. ನಮಗೆ ಬೇಕಾದದ್ದು ಮೊದಲನೆಯದು ಮಾತ್ರ. ಎರಡನೆಯದು ಹುಟ್ಟದಂತೆ ಬಟ್ಟಲು ಕೆಳಗಿನಿಂದ ಅಡ್ಡ ನಿಂತಿದೆ. ಡಿಪ್ ಬೆಳಕಿನ ಮೇಲಂಚಿನಲ್ಲಿ ಚಾಕುವಿನಿಂದ ಕೊಯ್ದಂತೆ ಕಾಣುವ ಗೆರೆ ಈ ಬಟ್ಟಲಿನ ಅಂಚಿನದೇ ನೆರಳು.

ಇದಕ್ಕಿಂತ ಸೊಗಸಾದ ಸಂಗತಿ ಇನ್ನೊಂದಿದೆ. ಬಟ್ಟಲಿನ ಎರಡು ಬದಿಯ ಅಂಚುಗಳು ಸಮವಾಗಿಲ್ಲ. ಒಂದು ಬದಿ 15 ಡಿಗ್ರಿಯಷ್ಟು ತಗ್ಗು. ಆ ಸಂದಿಯಿಂದ ನುಸುಳುವ ಅಷ್ಟೇ ಅಷ್ಟು ಬೆಳಕು ಪ್ರತಿಫಲಕದ ಇನ್ನೊಂದು ತುಣುಕನ್ನು ಬೆಳಗಿ, ರಸ್ತೆಯ ಒಂದು ಬದಿಯಲ್ಲಿ ಮೇಲಕ್ಕೇರುತ್ತದೆ. ಎಡಬದಿಯ ಸಂಚಾರವಿರುವ ನಮ್ಮಲ್ಲಿ ಅದು ಏರುವುದು ಎಡಕ್ಕೆ. ಹಾಗಾಗಿ ಬಲಗಡೆ ಎದುರಿನವರ ಕಣ್ಣಿಗೆ ತಾಗದಂತೆ ಗೆರೆ ಮಟ್ಟಸವಾಗಿದ್ದರೆ, ಎಡಗಡೆ ರಸ್ತೆಯಂಚಿನಲ್ಲಿ ನಡೆಯುವವರು, ಸೈಕಲ್ಲು, ನಿಂತ ಟ್ರ್ಯಾಕ್ಟರ್ ಟ್ರೇಲರ್, ದಾರಿ ತೋರುವ ಫಲಕಗಳು ದೂರದಿಂದಲೇ ಕಾಣುತ್ತವೆ. ಬ್ರಿಟನ್ನಿನಿಂದ ಕಡಲು ದಾಟಿ ಫ್ರಾನ್ಸಿಗೆ ಕಾರು ಒಯ್ಯುವವರು ಹೆಡ್‌ಲೈಟಿಗೆ ವಿಶೇಷ ಸ್ಟಿಕ್ಕರ್ ಅಂಟಿಸಿಕೊಳ್ಳುವುದು ಈ ಕಾರಣಕ್ಕೇ. ಬಲಬದಿಯ ಸಂಚಾರದ ದೇಶದಲ್ಲಿ ಅವರ ಬೆಳಕಿನ ಏರು ಎದುರಿನವರ ಕಣ್ಣಿಗೇ ಬೀಳುತ್ತದೆ.

ಇಷ್ಟು ಸೂಕ್ಷ್ಮವಾದ ಏರ್ಪಾಡಿನಲ್ಲಿ ಬಲ್ಬು ತುಸು ಓರೆಯಾಗಿ ಕೂತರೂ ಎಲ್ಲ ಕೆಟ್ಟಿತು. ಎಚ್4 ಬಲ್ಬಿನ ಬಿಲ್ಲೆಗೆ ಮೂರು ಕಿವಿಗಳಿವೆ, ಒಂದು ಉಳಿದೆರಡಕ್ಕಿಂತ ಅಗಲ. ಸರಿಯಾಗಿ ಕೂರುವ ರೀತಿ ಒಂದೇ. ಅವಸರದಲ್ಲಿ ಒತ್ತಿ ಕ್ಲಿಪ್ಪು ಹಾಕಿದರೆ ಬಟ್ಟಲು ತಿರುಗಿ ನಿಲ್ಲುತ್ತದೆ, ಗೆರೆ ವಾಲುತ್ತದೆ. ಇನ್ನು ಹ್ಯಾಲೋಜನ್‌ಗಾಗಿ ಮಾಡಿದ ಹೆಡ್‌ಲೈಟಿಗೆ ಅಂಗಡಿಯ ಎಲ್‌ಇಡಿ ಬಲ್ಬು ತುರುಕಿದ್ದರಂತೂ ಕಥೆಯೇ ಬೇರೆ. ತಂತು ಇರಬೇಕಾದ ಜಾಗದಲ್ಲಿ ಚಪ್ಪಟೆ ಚಿಪ್ಪುಗಳು, ಬಟ್ಟಲಿನ ಜಾಗದಲ್ಲಿ ಅದರ ಒರಟು ನಕಲು. ಬೆಳಕು ಜಾಸ್ತಿ ಬಂದಂತೆ ಕಾಣುತ್ತದೆ, ಗೆರೆ ಮಸುಕಾಗಿ ಬೆಳಕು ಮೇಲಕ್ಕೆ ಸೋರುತ್ತದೆ. ಹಾಸನದ ಓದುಗರು ಮೊದಲು ನೋಡಬೇಕಾದದ್ದು ಇವೆರಡನ್ನು. ಎಲ್‌ಇಡಿ ಹಾಕಿಸಿದ್ದರೆ ತೆಗೆಸಿ, 60/55 ವಾಟಿನ ಒಳ್ಳೆಯ ಹ್ಯಾಲೋಜನ್ ಹಾಕಿಸಿ. ಮಸುಕಾದ ಗೆರೆಯನ್ನು ಯಾವ ಸ್ಕ್ರೂ ತಿರುಗಿಸಿದರೂ ಚೂಪು ಮಾಡಲಾಗದು. 100/90 ವಾಟಿನ ಬಲ್ಬಿನ ಆಸೆಯನ್ನೂ ಬಿಡಿ. ಅದು ವೈರು, ಹೋಲ್ಡರು, ಪ್ರತಿಫಲಕದ ಲೇಪ ಎಲ್ಲವನ್ನೂ ಬೇಯಿಸುತ್ತದೆ.

ಈಗ ನನ್ನ ಬಹುಕಾಲದ ತಕರಾರಿಗೆ ಬರುತ್ತೇನೆ. ಹೆಡ್‌ಲೈಟಿನ ಗಾಜಿನ ಮೇಲರ್ಧಕ್ಕೆ ಕಪ್ಪು ಬಣ್ಣ ಬಳಿದರೆ, ಇಲ್ಲವೇ ನಡುವೆ ಕಪ್ಪು ಬಿಲ್ಲೆ ಅಂಟಿಸಿದರೆ ಎದುರಿನವರಿಗೆ ಕಣ್ಣು ಕುಕ್ಕುವುದಿಲ್ಲ ಎಂಬ ನಂಬಿಕೆ ನಮ್ಮಲ್ಲಿ ಬೇರು ಬಿಟ್ಟಿದೆ. ಲಾರಿ, ಬಸ್ಸು, ಬೈಕುಗಳ ಮೇಲೆ ಇದನ್ನು ಈಗಲೂ ಕಾಣುತ್ತೇನೆ. ಸ್ಟಿಕ್ಕರ್ ಅಂಟಿಸುವ ಅಭಿಯಾನಗಳೂ ನಡೆದಿವೆ. ಉದ್ದೇಶ ಒಳ್ಳೆಯದು, ಭೌತಶಾಸ್ತ್ರ ತಲೆಕೆಳಗು. ಡಿಪ್ ಬೆಳಕು ಹುಟ್ಟುವುದು ಪ್ರತಿಫಲಕದ ಮೇಲರ್ಧದಲ್ಲಿ, ಹೊರಗೆ ಬರುವುದೂ ಬಹುಪಾಲು ಗಾಜಿನ ಮೇಲ್ಭಾಗದಿಂದಲೇ. ಅಲ್ಲಿಗೇ ಕಪ್ಪು ಬಳಿದರೆ ಸಾಯುವುದು ನೆಲ ತೋರಿಸುವ ಸಾಧು ಬೆಳಕು. ಹೈ ಬೀಮಿನ ಅರ್ಧಭಾಗ ಕೆಳಗಿನ ಗಾಜಿನಿಂದ ಯಾವ ಅಡ್ಡಿಯೂ ಇಲ್ಲದೆ ಹೊರಡುತ್ತದೆ. ಡಿಪ್ ಹಾಕಿದರೆ ರಸ್ತೆ ಕಾಣದಂತಾದ ಚಾಲಕ ಏನು ಮಾಡುತ್ತಾನೆ? ಹೈ ಬೀಮ್ ಹಾಕಿಕೊಂಡೇ ಓಡಿಸುತ್ತಾನೆ.

ನನ್ನ ಮಾತು ನಂಬಬೇಕಿಲ್ಲ. ಎಚ್4 ಬಲ್ಬಿನ ಕಾರನ್ನು ಗೋಡೆಗೆ ಎದುರಾಗಿ ನಿಲ್ಲಿಸಿ ಡಿಪ್ ಹಾಕಿ. ಒಂದು ರಟ್ಟಿನಿಂದ ಗಾಜಿನ ಕೆಳಗಿನರ್ಧ ಮರೆ ಮಾಡಿ. ಗೋಡೆಯ ಮೇಲೆ ಹೆಚ್ಚೇನೂ ಬದಲಾಗುವುದಿಲ್ಲ. ರಟ್ಟನ್ನು ಮೇಲರ್ಧಕ್ಕೆ ತನ್ನಿ. ಬೆಳಕು ಬಹುಪಾಲು ಆರಿಹೋಗುತ್ತದೆ. ಹೈಸ್ಕೂಲಿನ ಮಕ್ಕಳಿಗೆ ಬೆಳಕಿನ ಪಾಠ ಹೇಳುವ ಮೇಷ್ಟ್ರುಗಳು ಇದನ್ನೊಮ್ಮೆ ಶಾಲೆಯ ಅಂಗಳದಲ್ಲಿ ತೋರಿಸಲಿ ಎಂದು ನನ್ನ ಆಸೆ.

ಆಯುಧಪೂಜೆಯ ದಿನ ಹೆಡ್‌ಲೈಟಿಗೆ ವಿಭೂತಿ ಎಳೆದು ಗಂಧ ಕುಂಕುಮ ಇಡುವವರಿಗೂ ಒಂದು ಮಾತು. ಪೂಜೆ ಮಾಡಿ, ಆದರೆ ಗಂಧವನ್ನು ಬಾನೆಟ್ಟಿಗೆ ಇಡಿ. ಗಾಜಿನ ಮೇಲೆ ಒಣಗಿದ ಪುಡಿಯ ಪ್ರತಿ ಕಣವೂ ಬೆಳಕನ್ನು ಎಲ್ಲ ದಿಕ್ಕಿಗೂ ಚೆದುರಿಸುತ್ತದೆ. ಬಟ್ಟಲು ಕಷ್ಟಪಟ್ಟು ಎಳೆದ ಗೆರೆ ಅಲ್ಲಿಗೆ ಅಳಿಸಿತು. ಬಂಪರಿಗೆ ನಿಂಬೆಹಣ್ಣು ಮೆಣಸಿನಕಾಯಿ ಕಟ್ಟಿ, ಒಂದು ಹೆಡ್‌ಲೈಟು ಉರಿಯದ ಗಾಡಿಯನ್ನು ರಾತ್ರಿಯಿಡೀ ಓಡಿಸುವವರನ್ನು ಕಂಡರೆ ನನಗೆ ನಿಜವಾಗಿ ಸಿಟ್ಟು ಬರುತ್ತದೆ. ಆ ನಿಂಬೆಹಣ್ಣು ಘಾಟಿ ತಿರುವಿನಲ್ಲಿ ಯಾರಿಗೂ ಕಾಣುವುದಿಲ್ಲ.

ಇನ್ನು ಗೋಡೆಯ ಕೆಲಸ. ಬಾನೆಟ್ ಎತ್ತಿದರೆ ಅನೇಕ ಕಾರುಗಳಲ್ಲಿ ಹೆಡ್‌ಲೈಟಿನ ಹತ್ತಿರ ದೀಪದ ಚಿತ್ರ, ಪಕ್ಕದಲ್ಲಿ 1% ಅಥವಾ 1.2% ಎಂಬಂಥ ಅಂಕಿ ಇರುತ್ತದೆ. ಬೆಳಕು ಎಷ್ಟು ಬಾಗಬೇಕು ಎಂಬುದರ ಲೆಕ್ಕ ಅದು. ಶೇ 1 ಎಂದರೆ 10 ಮೀಟರ್ ದೂರಕ್ಕೆ 10 ಸೆಂಟಿಮೀಟರ್ ಇಳಿತ. ನೆಲದಿಂದ 65 ಸೆಂಟಿಮೀಟರ್ ಎತ್ತರದ ಹೆಡ್‌ಲೈಟು ಶೇ 1ರಷ್ಟು ಬಾಗಿದ್ದರೆ ಗೆರೆ 65 ಮೀಟರಿನಲ್ಲಿ ರಸ್ತೆ ಮುಟ್ಟುತ್ತದೆ. ಗಂಟೆಗೆ 60 ಕಿಲೋಮೀಟರ್ ವೇಗದಲ್ಲಿ ಅದು ಸುಮಾರು ನಾಲ್ಕು ಸೆಕೆಂಡಿನ ದಾರಿ. ಅದೇ ಹೆಡ್‌ಲೈಟು ಶೇ 1ರಷ್ಟು ಮೇಲಕ್ಕೆ ನೋಡುತ್ತಿದ್ದರೆ, 50 ಮೀಟರ್ ಆಚೆ ಬೆಳಕಿನ ಎತ್ತರ 115 ಸೆಂಟಿಮೀಟರ್. ಚಿಕ್ಕ ಕಾರಿನ ಚಾಲಕನ ಕಣ್ಣಿರುವುದು ಸುಮಾರು ಅಷ್ಟೇ ಎತ್ತರದಲ್ಲಿ. ಕೆಳಗೆ ನೋಡುವ ದೀಪಕ್ಕೂ ಕುರುಡಾಗಿಸುವ ದೀಪಕ್ಕೂ ನಡುವೆ ಒಂದು ಡಿಗ್ರಿ ಚಿಲ್ಲರೆಯಷ್ಟೇ ವ್ಯತ್ಯಾಸ. ನಮ್ಮ 1989ರ ಕೇಂದ್ರ ಮೋಟಾರು ವಾಹನ ನಿಯಮಗಳಲ್ಲೂ ಇದಕ್ಕೆ ಲೆಕ್ಕವಿದೆ. ದೀಪದಿಂದ 8 ಮೀಟರ್ ದೂರದಲ್ಲಿ, ನೆಲದಿಂದ 1.5 ಮೀಟರ್ ಎತ್ತರದಲ್ಲಿರುವ ಕಣ್ಣನ್ನು ಡಿಪ್ ಬೆಳಕು ಕುಕ್ಕಬಾರದು ಎನ್ನುತ್ತದೆ 106ನೆಯ ನಿಯಮ.

ಎಲ್ಲಕ್ಕಿಂತ ಕಷ್ಟದ ಭಾಗ ಸಮತಟ್ಟಾದ ಜಾಗ ಹುಡುಕುವುದು. ಅಪಾರ್ಟ್‌ಮೆಂಟಿನ ನೆಲಮಾಳಿಗೆ ಸಮವಾಗಿ ಕಂಡರೂ ನೀರು ಹರಿದುಹೋಗಲೆಂದು ಇಳಿಜಾರು ಕೊಟ್ಟಿರುತ್ತಾರೆ. 10 ಮೀಟರಿಗೆ 10 ಸೆಂಟಿಮೀಟರಿನ ಲೆಕ್ಕದಲ್ಲಿ ಆ ಇಳಿಜಾರೇ ಎಲ್ಲವನ್ನೂ ನುಂಗಿಬಿಡುತ್ತದೆ. ಗಾರೆ ಕೆಲಸದವರು ನೀರು ತುಂಬಿ ಮಟ್ಟ ನೋಡುವ ಪಾರದರ್ಶಕ ಪೈಪು ಇಲ್ಲಿ ಬಹಳ ಉಪಯೋಗಕ್ಕೆ ಬರುತ್ತದೆ. ಪೈಪಿನ ಒಂದು ತುದಿಯನ್ನು ಮುಂದಿನ ಚಕ್ರದ ಬಳಿ, ಇನ್ನೊಂದನ್ನು ಹಿಂದಿನ ಚಕ್ರದ ಬಳಿ ಎತ್ತಿ ಹಿಡಿದು, ಎರಡೂ ಕಡೆ ನೆಲದಿಂದ ನೀರಿನ ಎತ್ತರ ಅಳೆಯಿರಿ. ಎತ್ತರ ಒಂದೇ ಆದರೆ ಜಾಗ ಮಟ್ಟಸ. ಆಮೇಲೆ ಅದೇ ಪೈಪಿನಿಂದ ಹೆಡ್‌ಲೈಟಿನ ನಡುಬಿಂದುವಿನ ಎತ್ತರವನ್ನು ಗೋಡೆಗೆ ದಾಟಿಸಬಹುದು. ನಡುಬಿಂದುವಿಗೆ ಎಷ್ಟೋ ಕಾರುಗಳ ಗಾಜಿನ ಮೇಲೆಯೇ ಸಣ್ಣ ಗುರುತು ಇರುತ್ತದೆ.

ಚಕ್ರಗಳ ಗಾಳಿ ಸರಿಯಿರಲಿ, ಡಿಕ್ಕಿ ಖಾಲಿಯಿರಲಿ, ಚಾಲಕನ ಸೀಟಿನಲ್ಲಿ ಒಬ್ಬರು ಕೂತಿರಲಿ. ಕಾರಿನ ಮೂತಿ ಗೋಡೆಗೆ ನೇರವಾಗಿ, 10 ಮೀಟರ್ ದೂರ. ಅಷ್ಟು ಜಾಗವಿಲ್ಲದಿದ್ದರೆ 5 ಮೀಟರ್, ಇಳಿತವೂ ಅರ್ಧ. ಗೋಡೆಯ ಮೇಲೆ ನಡುಬಿಂದುವಿನ ಎತ್ತರಕ್ಕೊಂದು ಗೆರೆ, ಅದರ ಕೆಳಗೆ ಇಳಿತದ ಗೆರೆ, ಎರಡು ಹೆಡ್‌ಲೈಟುಗಳ ನೇರಕ್ಕೆ ಎರಡು ಲಂಬ ಗೆರೆ. ಪೇಂಟರ್‌ಗಳು ಬಳಸುವ ಕಾಗದದ ಟೇಪು ಇದಕ್ಕೆ ಒಳ್ಳೆಯದು. ಒಂದು ದೀಪಕ್ಕೆ ದೂರದಿಂದ ರಟ್ಟು ಹಿಡಿದು ಇನ್ನೊಂದನ್ನು ನೋಡಿ. ಉರಿಯುವ ದೀಪದ ಮೇಲೆ ಬಟ್ಟೆ ಹೊದಿಸಿದರೆ ಪ್ಲಾಸ್ಟಿಕ್ ಗಾಜು ಕಾಯುತ್ತದೆ. ಬಲಗಡೆಯ ಮಟ್ಟಸ ಗೆರೆ ಇಳಿತದ ಟೇಪಿನ ಮೇಲೆ, ಎಡಕ್ಕೆ ಏರು ಶುರುವಾಗುವ ಮೂಲೆ ಲಂಬ ಟೇಪಿನ ಹತ್ತಿರ ಬರಬೇಕು. ಹೆಡ್‌ಲೈಟಿನ ಹಿಂದೆ ಎರಡು ಸ್ಕ್ರೂಗಳಿರುತ್ತವೆ, ಒಂದು ಮೇಲೆ ಕೆಳಗೆ, ಇನ್ನೊಂದು ಅಕ್ಕಪಕ್ಕ. ತಿರುಗಿಸುವ ಮೊದಲು ಬೆಳಕು ಎಲ್ಲಿತ್ತೆಂದು ಗುರುತು ಹಾಕಿಕೊಳ್ಳಿ, ಕಾಲು ಸುತ್ತಿಗೊಮ್ಮೆ ಗೋಡೆ ನೋಡಿ. ಅನುಮಾನ ಬಂದರೆ ಗೆರೆ ತುಸು ಕೆಳಗೇ ಇರಲಿ. ಪ್ರೊಜೆಕ್ಟರ್ ಹೆಡ್‌ಲೈಟಿಗೂ ಇದೇ ಕ್ರಮ. ತಾನಾಗಿ ಮಟ್ಟ ಹೊಂದಿಸಿಕೊಳ್ಳುವ ದೀಪಗಳಿರುವ ದುಬಾರಿ ಕಾರುಗಳನ್ನು ಮಾತ್ರ ಸರ್ವಿಸ್ ಸೆಂಟರಿಗೆ ಬಿಡಿ.

ಮನೆಯಲ್ಲಿ ಇಷ್ಟು ಮಾಡಿದರೂ ಹಬ್ಬಕ್ಕೆ ಊರಿಗೆ ಹೊರಟ ರಾತ್ರಿ ಎಲ್ಲ ಬದಲಾಗುತ್ತದೆ. ಚಕ್ರಗಳ ನಡುವೆ ಎರಡೂವರೆ ಮೀಟರ್ ಅಂತರವಿರುವ ಕಾರಿನ ಹಿಂಭಾಗ ಭಾರಕ್ಕೆ 5 ಸೆಂಟಿಮೀಟರ್ ಕುಗ್ಗಿದರೆ ಇಡೀ ಕಾರು ಶೇ 2ರಷ್ಟು ಮೂತಿ ಎತ್ತುತ್ತದೆ. ಶೇ 1 ಕೆಳಗಿದ್ದ ಬೆಳಕು ಶೇ 1 ಮೇಲಕ್ಕೆ ಹೋಯಿತು. ಇದಕ್ಕೆಂದೇ ಸ್ಟೀರಿಂಗಿನ ಪಕ್ಕ, ಡ್ಯಾಶ್‌ಬೋರ್ಡಿನಲ್ಲಿ 0ಯಿಂದ 3ರವರೆಗೆ ಅಂಕಿಗಳಿರುವ ಒಂದು ಪುಟ್ಟ ಚಕ್ರವಿದೆ. ವರ್ಷಗಟ್ಟಲೆ ಕಾರು ಓಡಿಸಿದವರೂ ಅದನ್ನು ಮುಟ್ಟಿಲ್ಲದಿರುವುದನ್ನು, ಎಸಿಗೆ ಸಂಬಂಧಿಸಿದ್ದೆಂದು ತಿಳಿದಿರುವುದನ್ನು ಕಂಡಿದ್ದೇನೆ. ಅಂಕಿ ಹೆಚ್ಚಿಸಿದಷ್ಟೂ ಬೆಳಕು ಕೆಳಗಿಳಿಯುತ್ತದೆ. ಸಾಮಾನ್ಯವಾಗಿ ಚಾಲಕ ಮತ್ತು ಪಕ್ಕದವರಿದ್ದರೆ 0, ಎಲ್ಲ ಸೀಟು ತುಂಬಿದರೆ 1, ಜೊತೆಗೆ ಡಿಕ್ಕಿಯೂ ತುಂಬಿದರೆ 2. ಹಾಗಾದರೆ 3 ಯಾವಾಗ? ಚಾಲಕನೊಬ್ಬನೇ ಇದ್ದು ಡಿಕ್ಕಿಯ ತುಂಬ ಸಾಮಾನಿದ್ದಾಗ. ಮುಂದೆ ಭಾರ ಕಡಿಮೆ, ಎಲ್ಲ ಹಿಂದೆಯೇ. ಕಾರು ಅತಿ ಹೆಚ್ಚು ಮೂತಿ ಎತ್ತುವುದು ಆಗಲೇ. ನಿಮ್ಮ ಕಾರಿನ ಕೈಪಿಡಿಯಲ್ಲಿ ಇದರ ಪಟ್ಟಿ ಇರುತ್ತದೆ, ಒಮ್ಮೆ ನೋಡಿ.

ಸಾಮಾನು ಇಳಿಸಿ ವಾಪಸ್ಸು ಹೊರಡುವಾಗ ಚಕ್ರವನ್ನು ಮತ್ತೆ 0ಗೆ ತನ್ನಿ. ಮರೆತು, ಬೆಳಕು ಶೇ 3ರಷ್ಟು ಬಾಗಿಯೇ ಉಳಿದರೆ, 65 ಮೀಟರ್ ತೋರಿಸಬೇಕಾದ ದೀಪ ತೋರಿಸುವುದು 22 ಮೀಟರ್ ರಸ್ತೆಯನ್ನು ಮಾತ್ರ.